ಅಪ್ಪನ ಅರ್ಧ ತಟ್ಟೆ, ನಾನು ಕೊಂಡ ಮೆದುಳಿನ ಪುಸ್ತಕಗಳು

ಮೊದಲೇ ಹೇಳಿಬಿಡುತ್ತೇನೆ, ನಾನು ಡಾಕ್ಟರ್ ಅಲ್ಲ, ಸೈಕಾಲಜಿ ಓದಿದವನೂ ಅಲ್ಲ. ಬೆಂಗಳೂರಿನಲ್ಲಿ ಅಕೌಂಟ್ಸ್ ಕೆಲಸ ಮಾಡಿಕೊಂಡಿರುವವನು. ಮೆದುಳು, ಮನಸ್ಸು, ಮನುಷ್ಯ ಯಾಕೆ ಹೀಗಾಡ್ತಾನೆ ಅನ್ನೋ ಥರದ ಪುಸ್ತಕಗಳನ್ನು ಕೊಳ್ಳಲು ಶುರು ಮಾಡಿದ್ದು ಮೂರು ವರ್ಷದ ಹಿಂದೆ, ಅಪ್ಪನಿಗೆ ಸ್ಟ್ರೋಕ್ ಆದಮೇಲೆ. ಅಲ್ಲಿಂದ ಇಲ್ಲಿಯವರೆಗೆ ಒಂದು ಗೂಡು ತುಂಬುವಷ್ಟು ಕೊಂಡಿದ್ದೇನೆ. ಕೆಲವು ದುಡ್ಡಿಗೆ ಮೋಸವಿಲ್ಲ. ಕೆಲವನ್ನು ಯಾಕಾದರೂ ಕೊಂಡೆನೋ ಅನ್ನಿಸಿದೆ. ಕೊಳ್ಳೋಣ ಅಂತ ಯೋಚಿಸುತ್ತಿರುವವರಿಗೆ ಉಪಯೋಗ ಆಗಲಿ ಅಂತ ಬರೆಯುತ್ತಿದ್ದೇನೆ.

ಅಪ್ಪನಿಗೆ ಹೊಡೆತ ಬಿದ್ದದ್ದು ಮೆದುಳಿನ ಬಲಭಾಗಕ್ಕೆ. ಮೆದುಳಿನ ಬಲಭಾಗ ನಡೆಸುವುದು ಮೈಯ ಎಡಭಾಗವನ್ನು, ಹಾಗಾಗಿ ಎಡಗೈ, ಎಡಗಾಲು ಸೋತವು. ಮಾತು ಮಾತ್ರ ಮೊದಲಿನ ಹಾಗೇ ಇತ್ತು. ಹಾಸನದ ಹತ್ತಿರ ನಲವತ್ತು ವರ್ಷ ಕಿರಾಣಿ ಅಂಗಡಿ ನಡೆಸಿದವರು, ಆಸ್ಪತ್ರೆ ಮಂಚದಲ್ಲಿ ಮಲಗಿಕೊಂಡೇ ಯಾರ ಬಾಕಿ ಎಷ್ಟು ಅಂತ ಲೆಕ್ಕ ಹೇಳುತ್ತಿದ್ದರು. ಸದ್ಯ, ತಲೆಗೆ ಏನೂ ಆಗಿಲ್ಲ ಅಂದುಕೊಂಡೆವು. ಮನೆಗೆ ಬಂದಮೇಲೆ ಗೊತ್ತಾಯಿತು. ಅಮ್ಮ ತಟ್ಟೆಯ ಬಲಗಡೆ ಮುದ್ದೆ ಸಾರು, ಎಡಗಡೆ ಹುರುಳಿಕಾಯಿ ಪಲ್ಯ ಹಾಕಿಕೊಟ್ಟರೆ, ಬಲ ಅರ್ಧ ತೊಳೆದ ಹಾಗೆ ಖಾಲಿ, ಎಡ ಅರ್ಧ ಬಡಿಸಿದ್ದು ಬಡಿಸಿದ ಹಾಗೆ. ಮೇಲಿಂದ "ಇವತ್ತು ಪಲ್ಯ ಮಾಡಿಲ್ವೇನೇ?" ಅಂತ ಕೇಳುವುದು. ಗಡ್ಡವೂ ಬಲಗೆನ್ನೆಯದು ಮಾತ್ರ ಬೋಳಿಸುತ್ತಿದ್ದರು. ಲೆಕ್ಕದ ಪುಸ್ತಕ ಕೊಟ್ಟರೆ ಹಾಳೆಯ ಬಲ ಅಂಚಿಗೆ ಅಂಕಿಗಳನ್ನೆಲ್ಲ ಒತ್ತಿ ಒತ್ತಿ ಬರೆಯುವುದು, ಎಡಗಡೆ ಪೂರ್ತಿ ಬಿಳಿ. ಅಮ್ಮನಿಗೆ ಅಳು ಬಂದುಬಿಡುತ್ತಿತ್ತು. "ನಾನು ಮಾಡಿದ್ದು ಇವರಿಗೆ ಸೇರಲ್ಲ ಕಣೋ, ಅದಕ್ಕೇ ಹಠ" ಅನ್ನುತ್ತಿದ್ದಳು.

ಆಸ್ಪತ್ರೆಯವರು ಡಿಸ್ಚಾರ್ಜ್ ಮಾಡುವಾಗ ಮಾತ್ರೆ ಚೀಟಿ ಕೊಟ್ಟರು, ಫಿಸಿಯೋ ಮಾಡಿಸಿ ಅಂದರು, ಬಿಲ್ ಕೊಟ್ಟರು. ತಟ್ಟೆಯ ವಿಷಯ ಹೀಗಾಗಬಹುದು ಅಂತ ಒಂದು ಮಾತು ಯಾರೂ ಹೇಳಲಿಲ್ಲ. ನಾನೂ ಕೇಳಲಿಲ್ಲ ಬಿಡಿ. ಕೇಳಬೇಕು ಅಂತ ಗೊತ್ತಿದ್ದರೆ ತಾನೇ.

ತಟ್ಟೆಯ ವಿಷಯ ಗೊತ್ತಾಗಿದ್ದು ಆಲಿವರ್ ಸ್ಯಾಕ್ಸ್ ಬರೆದ 'ದಿ ಮ್ಯಾನ್ ಹೂ ಮಿಸ್ಟುಕ್ ಹಿಸ್ ವೈಫ್ ಫಾರ್ ಎ ಹ್ಯಾಟ್' ಓದಿದಾಗ. ಆಫೀಸಿನ ಗೆಳೆಯನೊಬ್ಬ "ನಿಮ್ಮಪ್ಪನ ಥರದ್ದೇ ಒಂದು ಕತೆ ಇದರಲ್ಲಿದೆ" ಅಂದಿದ್ದಕ್ಕೆ ಚರ್ಚ್ ಸ್ಟ್ರೀಟಿನಲ್ಲಿ ಹಳೇ ಪ್ರತಿ ಕೊಂಡೆ, 250 ರೂಪಾಯಿ. ಸ್ಯಾಕ್ಸ್ ಲಂಡನ್ನಿನಲ್ಲಿ ಹುಟ್ಟಿ ಅಮೆರಿಕಕ್ಕೆ ಹೋಗಿ ನೆಲೆಸಿದ ನ್ಯೂರಾಲಜಿಸ್ಟ್, ಅಂದರೆ ಮೆದುಳು ನರಗಳ ಡಾಕ್ಟರ್. 1985ರ ಪುಸ್ತಕ. ಇಪ್ಪತ್ನಾಲ್ಕು ಕತೆಗಳಿವೆ, ಹೆಚ್ಚಿನವು ಅವರು ನೋಡಿದ ರೋಗಿಗಳದ್ದು. ಒಂದೊಂದಾಗಿ ಓದಬಹುದು, ಮೊದಲಿಂದಲೇ ಶುರು ಮಾಡಬೇಕು ಅಂತಿಲ್ಲ.

ಅದರಲ್ಲಿ 'ಐಸ್ ರೈಟ್!' ಅಂತ ಎರಡು ಮೂರು ಪುಟದ ಪುಟ್ಟ ಅಧ್ಯಾಯ. ಮಿಸೆಸ್ ಎಸ್ ಅಂತ ಅರವತ್ತು ದಾಟಿದ ಹೆಂಗಸು. ಬುದ್ಧಿ ಚುರುಕು, ತಮಾಷೆಯ ಸ್ವಭಾವ. ಬಲ ಮೆದುಳಿಗೆ ದೊಡ್ಡ ಸ್ಟ್ರೋಕ್ ಆಗಿದೆ. ನರ್ಸುಗಳು ಟ್ರೇಯಲ್ಲಿ ಕಾಫಿ ಇಟ್ಟೇ ಇಲ್ಲ ಅಂತ ದೂರುತ್ತಾಳೆ. ಕಾಫಿ ಎಡಗಡೆ ಇರುತ್ತದೆ. ಲಿಪ್‌ಸ್ಟಿಕ್ ಅರ್ಧ ತುಟಿಗೆ. ನಾನು ಇದನ್ನು ಓದಿದ್ದು ಮೆಟ್ರೋದಲ್ಲಿ, ಇಳಿಯಬೇಕಾದ ಸ್ಟೇಷನ್ ದಾಟಿ ಹೋಯಿತು. ಅಪ್ಪನದು ಹಠ ಅಲ್ಲ, ಕಣ್ಣಿನ ದೋಷವೂ ಅಲ್ಲ. ಎಡಗಡೆ ಅನ್ನುವುದೇ ಅವರ ಪಾಲಿಗೆ ಇಲ್ಲ. ಇಲ್ಲ ಅನ್ನುವುದೂ ಅವರಿಗೆ ತಿಳಿಯುವುದಿಲ್ಲ. ನಮ್ಮ ಬೆನ್ನ ಹಿಂದೆ ಏನೂ ಕಾಣಿಸುತ್ತಿಲ್ಲವಲ್ಲ ಅಂತ ನಾವು ಯಾವತ್ತಾದರೂ ಕೊರಗುತ್ತೇವಾ? ಹಾಗೆ.

ಆ ಹೆಂಗಸು ಇದಕ್ಕೆ ತನ್ನದೇ ಒಂದು ದಾರಿ ಹುಡುಕಿಕೊಂಡಿದ್ದಳು. ತಿರುಗುವ ಕುರ್ಚಿ ತರಿಸಿಕೊಂಡು, ಊಟ ಕಡಿಮೆ ಅನ್ನಿಸಿದಾಗ ಬಲಕ್ಕೆ ತಿರುಗುತ್ತಾ ತಿರುಗುತ್ತಾ ಒಂದು ಸುತ್ತು ಹಾಕುವುದು. ಕಾಣದೇ ಹೋಗಿದ್ದ ಅರ್ಧ ಬಲಗಡೆಯಿಂದ ಮತ್ತೆ ಎದುರಿಗೆ ಬರುತ್ತದೆ. ಅದರಲ್ಲಿ ಅರ್ಧ ತಿನ್ನುತ್ತಾಳೆ. ಇನ್ನೂ ಹಸಿವಿದ್ದರೆ ಇನ್ನೊಂದು ಸುತ್ತು. ತಟ್ಟೆಯನ್ನೇ ತಿರುಗಿಸಬಹುದಲ್ಲ ಅಂತ ಡಾಕ್ಟರ್ ಕೇಳಿದರೆ, ಅದು ಸುಲಭವೇ ಆದರೂ ತನಗೆ ಯಾಕೋ ಒಗ್ಗುವುದಿಲ್ಲ ಅನ್ನುತ್ತಾಳೆ. ನಮ್ಮ ಮನೆಯಲ್ಲಿ ತಿರುಗುವ ಕುರ್ಚಿ ಎಲ್ಲಿಂದ ಬರಬೇಕು, ಅಮ್ಮನೇ ತಟ್ಟೆ ತಿರುಗಿಸಲು ಶುರು ಮಾಡಿದಳು. ಊಟದ ನಡುವೆ ಬಂದು ಸುಮ್ನೆ ಅರ್ಧ ಸುತ್ತು ತಿರುಗಿಸಿ ಹೋಗುವುದು. ಪಲ್ಯ ಖಾಲಿ ಆಗತೊಡಗಿತು. ಅದಕ್ಕಿಂತ ದೊಡ್ಡದು, ಅಮ್ಮನ ಕೋಪ ಇಳಿಯಿತು. 250 ರೂಪಾಯಿಗೆ ಇಷ್ಟು ಕೆಲಸ ಮಾಡಿದ ವಸ್ತು ನಮ್ಮ ಮನೆಯಲ್ಲಿ ಬೇರೆ ಯಾವುದೂ ಇಲ್ಲ.

ಅಪ್ಪನಿಗೂ ಆ ಕತೆ ಕನ್ನಡದಲ್ಲಿ ಹೇಳಿದೆ. ಚೆನ್ನಾಗಿ ಕೇಳಿಸಿಕೊಂಡರು. ಆಮೇಲೆ "ಪಾಪ ಕಣೋ ಆ ಯಮ್ಮ, ಪಕ್ಕದಲ್ಲೇ ಇರೋದು ಕಾಣಲ್ಲ ಅಂದ್ರೆ ಎಂಥಾ ಕಷ್ಟ" ಅಂದರು. ಹೇಳುತ್ತಾ ಹೇಳುತ್ತಾ ಬಲಗಡೆಯ ಕೋಡುಬಳೆ ಮುಗಿಸಿದರು. ಎಡಗಡೆ ಎರಡು ಉಳಿದಿದ್ದವು.

ಪುಸ್ತಕದ ಹೆಸರಿನ ಕತೆಯೂ ಬಿಡಬೇಡಿ. ಸಂಗೀತದ ಮೇಷ್ಟ್ರು, ಡಾಕ್ಟರ್ ಪಿ. ಕಣ್ಣು ಸರಿ ಇದೆ, ಆದರೆ ನೋಡಿದ್ದು ಏನು ಅಂತ ಹೊಳೆಯುವುದಿಲ್ಲ. ಕೈಗವಸು ಕೊಟ್ಟರೆ ಅದರ ಆಕಾರವನ್ನು ಜಾಮೆಟ್ರಿ ಪಾಠದ ಥರ ವರ್ಣಿಸುತ್ತಾರೆ, ಕೈಗವಸು ಅಂತ ಮಾತ್ರ ಹೇಳಲಾಗುವುದಿಲ್ಲ. ಹೊರಡುವಾಗ ಟೋಪಿ ಅಂದುಕೊಂಡು ಹೆಂಡತಿಯ ತಲೆಗೇ ಕೈ ಹಾಕುತ್ತಾರೆ. ಆದರೂ ದಿನದ ಕೆಲಸವೆಲ್ಲ ಹಾಡು ಗುನುಗಿಕೊಂಡೇ ನಡೆಸುತ್ತಾರೆ. ಸ್ನಾನಕ್ಕೊಂದು ಹಾಡು, ಬಟ್ಟೆಗೊಂದು, ಊಟಕ್ಕೊಂದು. ಹಾಡು ನಿಂತರೆ ಕೆಲಸವೂ ನಿಂತಿತು. ಇದನ್ನು ಓದುವಾಗ ರಾಗಿ ಬೀಸುತ್ತಾ ಹಾಡುತ್ತಿದ್ದ ನಮ್ಮಜ್ಜಿಯ ನೆನಪಾಯಿತು. ಅಜ್ಜಿಗೆ ಕಾಯಿಲೆ ಏನೂ ಇರಲಿಲ್ಲ, ಸುಮ್ನೆ ನೆನಪಾಯಿತು ಅಷ್ಟೇ.

ದೂರುಗಳೂ ಇವೆ. ಸ್ಯಾಕ್ಸ್ ಅವರ ಇಂಗ್ಲಿಷ್ ಸುಲಭ ಅಲ್ಲ. ಒಂದೊಂದು ವಾಕ್ಯ ಅರ್ಧ ಪುಟ ಓಡುತ್ತದೆ, ನಡುವೆ ತತ್ವಶಾಸ್ತ್ರ ನುಗ್ಗುತ್ತದೆ. ಬುದ್ಧಿಮಾಂದ್ಯರ ಬಗ್ಗೆ ಬರೆದ ಕೊನೆಯ ಭಾಗದ ಪದಗಳು ಈಗ ಓದಿದರೆ ಚುಚ್ಚುತ್ತವೆ, ಆಗಿನ ಕಾಲದ ಭಾಷೆ. ದೊಡ್ಡ ದೊಡ್ಡ ಅವಿಭಾಜ್ಯ ಸಂಖ್ಯೆಗಳನ್ನು ಬಾಯಲ್ಲೇ ಹೇಳಿಕೊಂಡು ಆಡುತ್ತಿದ್ದ ಅವಳಿಗಳ ಕತೆ ಇದೆಯಲ್ಲ, ಅದು ಹೇಳಿದ ಹಾಗೇ ನಡೆದಿರಲು ಸಾಧ್ಯವಾ ಅಂತ ಆಮೇಲೆ ಬೇರೆಯವರು ಅನುಮಾನ ಎತ್ತಿದ್ದಾರೆ. ಕತೆ ಚೆನ್ನಾಗಿ ಹೇಳುವವರ ಹತ್ತಿರ ಒಂದು ಹಿಡಿ ಉಪ್ಪು ಜಾಸ್ತಿಯೇ ಬೀಳುತ್ತದೆ. ಇದು ತಲೆಯಲ್ಲಿರಲಿ.

ಈಗ ನನ್ನ ಲೆಕ್ಕದಲ್ಲಿ ಮೊದಲ ಸ್ಥಾನದ ಪುಸ್ತಕ. ವಿ.ಎಸ್. ರಾಮಚಂದ್ರನ್ ಅವರ 'ಫ್ಯಾಂಟಮ್ಸ್ ಇನ್ ದಿ ಬ್ರೈನ್', 1998ರದ್ದು, ಸಾಂಡ್ರಾ ಬ್ಲೇಕ್ಸ್‌ಲೀ ಜೊತೆ ಸೇರಿ ಬರೆದದ್ದು. ಮುನ್ನುಡಿ ಸ್ಯಾಕ್ಸ್ ಅವರದೇ. ರಾಮಚಂದ್ರನ್ ಮದ್ರಾಸಿನ ಸ್ಟ್ಯಾನ್ಲಿ ಮೆಡಿಕಲ್ ಕಾಲೇಜಿನಲ್ಲಿ ಓದಿ, ಕೇಂಬ್ರಿಜ್‌ಗೆ ಹೋಗಿ, ಆಮೇಲೆ ಕ್ಯಾಲಿಫೋರ್ನಿಯಾದ ಸ್ಯಾನ್ ಡಿಯಾಗೋದಲ್ಲಿ ನೆಲೆಸಿದ ಮೆದುಳಿನ ವಿಜ್ಞಾನಿ. ಇವರ ವಿಶೇಷ ಏನಂದರೆ ದೊಡ್ಡ ಮೆಷಿನ್ ಬೇಕಿಲ್ಲ. ಕನ್ನಡಿ, ರಟ್ಟಿನ ಡಬ್ಬ, ಕಿವಿಗೆ ಹಾಕುವ ಹತ್ತಿಕಡ್ಡಿ. ಇಷ್ಟರಲ್ಲೇ ಮೆದುಳಿನ ಒಳಗೆ ಇಣುಕುತ್ತಾರೆ.

ಕೈ ಕತ್ತರಿಸಿಹೋದ ಮೇಲೂ ಕೈ ಅಲ್ಲೇ ಇದೆ, ನೋಯುತ್ತಿದೆ, ತುರಿಸುತ್ತಿದೆ ಅನ್ನುವವರು ಇದ್ದಾರೆ. ಅದನ್ನೇ ಫ್ಯಾಂಟಮ್ ಅನ್ನುವುದು, ಭೂತದ ಕೈ ಅನ್ನಿ ಬೇಕಾದರೆ. ಅಂಥ ಒಬ್ಬ ಹುಡುಗನ ಕಣ್ಣು ಕಟ್ಟಿ, ಹತ್ತಿಕಡ್ಡಿಯಿಂದ ಕೆನ್ನೆ ಮುಟ್ಟುತ್ತಾರೆ. ಎಲ್ಲಿ ಮುಟ್ಟಿದೆ ಅಂದರೆ, ಕೆನ್ನೆ, ಜೊತೆಗೆ ಇಲ್ಲದ ಕೈಯ ಹೆಬ್ಬೆರಳು ಅನ್ನುತ್ತಾನೆ. ಯಾಕೆ ಹಾಗೆ? ಮೆದುಳಿನ ಮೇಲ್ಪದರದಲ್ಲಿ ಇಡೀ ಮೈಯ ಒಂದು ನಕ್ಷೆ ಇದೆ. ಕೆನಡಾದ ಸರ್ಜನ್ ವೈಲ್ಡರ್ ಪೆನ್‌ಫೀಲ್ಡ್ ಅದನ್ನು ಗುರುತಿಸಿದವರು. ಆ ನಕ್ಷೆಯಲ್ಲಿ ಕೈಯ ಪಕ್ಕದ ಸೈಟೇ ಮುಖದ್ದು. ಕೈ ಹೋದಮೇಲೆ ಅದರ ಜಾಗ ಖಾಲಿ ಬಿತ್ತು, ಪಕ್ಕದ ಮುಖ ಬೇಲಿ ಸರಿಸಿಕೊಂಡು ಒಳಗೆ ಬಂದಿತು. ನಮ್ಮೂರಲ್ಲಿ ಯಾರೂ ಇಲ್ಲದ ಸೈಟಿಗೆ ಆಗುವುದೂ ಅದೇ ಅಲ್ವಾ. ಹೀಗೆ ರಾಮಚಂದ್ರನ್ ವಾದ.

ಇನ್ನೊಬ್ಬನ ಕತೆ. ಮೋಟರ್‌ಸೈಕಲ್ ಅಪಘಾತದಲ್ಲಿ ಕೈ ಹೋಗಿದೆ. ಹತ್ತು ವರ್ಷದಿಂದ ಆ ಇಲ್ಲದ ಕೈ ಕಲ್ಲಿನ ಹಾಗೆ ಸೆಟೆದುಕೊಂಡು ನೋಯುತ್ತಿದೆ. ರಾಮಚಂದ್ರನ್ ಒಂದು ಡಬ್ಬದ ನಡುವೆ ಕನ್ನಡಿ ನಿಲ್ಲಿಸಿ, ಇರುವ ಕೈಯನ್ನು ಒಳಗೆ ಇಡು ಅನ್ನುತ್ತಾರೆ. ಕನ್ನಡಿಯೊಳಗಿನ ನೆರಳೂ ಸೇರಿ ಎರಡು ಕೈ ಕಾಣುತ್ತದೆ. ಇರುವ ಕೈ ಆಡಿಸಿದರೆ ಇಲ್ಲದ ಕೈಯೂ ಆಡಿದ ಹಾಗೆ. ಅಯ್ಯೋ ದೇವರೇ, ನನ್ನ ಕೈ ಮತ್ತೆ ಸೇರಿಕೊಂಡಿತು ಅನ್ನುವಷ್ಟು ಖುಷಿ ಅವನಿಗೆ. ಮನೆಗೆ ತಗೊಂಡು ಹೋಗಿ ದಿನಾ ಮಾಡು ಅಂತ ಕಳಿಸಿದರೆ, ಮೂರು ವಾರ ಕಳೆದು ಫೋನ್ ಮಾಡಿ, ಕೈ ಮಾಯವಾಯಿತು, ಬೆರಳುಗಳು ಮಾತ್ರ ಭುಜಕ್ಕೆ ಅಂಟಿಕೊಂಡು ಉಳಿದಿವೆ ಅಂದನಂತೆ. ಇಲ್ಲದ ಕೈಯನ್ನು ಕತ್ತರಿಸಿದ ಮೊದಲ ಆಪರೇಷನ್ ನಮ್ಮದೇ ಇರಬೇಕು ಅಂತ ಲೇಖಕರ ತಮಾಷೆ. ಈ ಕನ್ನಡಿ ಉಪಾಯ ಪುಸ್ತಕದಲ್ಲೇ ಉಳಿಯಲಿಲ್ಲ. ಸ್ಟ್ರೋಕ್ ಆದವರ ಫಿಸಿಯೋಥೆರಪಿಯಲ್ಲೂ ಈಗ ಬಳಸುತ್ತಾರೆ. ಅಪ್ಪನಿಗೆ ವ್ಯಾಯಾಮ ಮಾಡಿಸಲು ಬರುತ್ತಿದ್ದ ಮೇಡಂ ಒಂದು ದಿನ ಬ್ಯಾಗಿನಿಂದ ಕನ್ನಡಿ ತೆಗೆದಾಗ ನಾನು "ರಾಮಚಂದ್ರನ್!" ಅಂತ ಕೂಗಿಬಿಟ್ಟೆ. ಅವರು ಯಾರು ಅಂತ ಬಾಗಿಲ ಕಡೆ ತಿರುಗಿ ನೋಡಿದರು.

ನಮಗೆ ಬೇಕಾದದ್ದು ಆರು, ಏಳನೇ ಅಧ್ಯಾಯ. ಎಡಗಡೆ ಕಳೆದುಕೊಂಡವರ ಬಲಕ್ಕೆ ಕನ್ನಡಿ ಹಿಡಿದು, ಅದರಲ್ಲಿ ಎಡಗಡೆಯ ಪೆನ್ನು ಕಾಣುವ ಹಾಗೆ ಮಾಡುತ್ತಾರೆ. ಪೆನ್ನು ತಗೊಳ್ಳಿ ಅಂದರೆ ಅವರ ಕೈ ಎಡಕ್ಕೆ ಹೋಗುವುದಿಲ್ಲ, ಕನ್ನಡಿಗೇ ಬಡಿಯುತ್ತದೆ. ಪೆನ್ನು ಎಲ್ಲಿದೆ ಅಂದರೆ ಕನ್ನಡಿಯ ಒಳಗಿದೆ ಅನ್ನುತ್ತಾರೆ. ನನಗೆ ನಂಬಿಕೆ ಬರಲಿಲ್ಲ. ಅಪ್ಪನ ಶೇವಿಂಗ್ ಕನ್ನಡಿ ತಂದು, ಎಡಗಡೆ ಅವರದೇ ಕನ್ನಡಕದ ಡಬ್ಬಿ ಹಿಡಿದೆ. "ತಗೊಳ್ಳಿ ಅಪ್ಪ" ಅಂದೆ. ಬೆರಳು ಗಾಜಿಗೆ ಟಕ್ ಟಕ್ ಅಂತ ಎರಡು ಸಲ ಬಡಿಯಿತು. ಆಮೇಲೆ ಕೈಯನ್ನು ಕನ್ನಡಿಯ ಹಿಂದೆ ತೂರಿಸಿ ತಡಕಿದರು. ಎದೆ ಝಲ್ಲೆಂದಿತು. ಮೂರನೇ ಸಲ ಮಾಡಲು ಹೋದಾಗ ಅಡುಗೆಮನೆಯಿಂದ ಅಮ್ಮ ಬಂದು ಕನ್ನಡಿ ಕಿತ್ತುಕೊಂಡಳು. "ಹೆತ್ತಪ್ಪನ್ನ ಇಲಿ ಥರ ಆಡಿಸ್ತೀಯೇನೋ?" ಸರಿಯಾಗೇ ಬೈದಳು. ಆ ಪುಸ್ತಕ ಓದಿದವರಿಗೆ ಈ ಚಟ ಬರುತ್ತದೆ, ಹುಷಾರು.

ಏಳನೇ ಅಧ್ಯಾಯದಲ್ಲಿ ಸೋತ ಕೈ ಸೋತಿಲ್ಲ ಅಂತ ವಾದಿಸುವವರು ಬರುತ್ತಾರೆ. ಎರಡೂ ಕೈಯಿಂದ ಚಪ್ಪಾಳೆ ತಟ್ಟಿ ಅಂದರೆ ಒಂದು ಕೈ ಗಾಳಿಯಲ್ಲಿ ಆಡಿಸಿ, ತಟ್ಟುತ್ತಿದ್ದೇನಲ್ಲ ಅನ್ನುತ್ತಾರೆ. ಸುಳ್ಳು ಹೇಳುತ್ತಿಲ್ಲ, ಅವರಿಗೆ ನಿಜವಾಗಿ ಹಾಗೇ. ಎಡಕಿವಿಗೆ ತಣ್ಣೀರು ಬಿಟ್ಟರೆ ಸ್ವಲ್ಪ ಹೊತ್ತು ಸತ್ಯ ಒಪ್ಪಿಕೊಳ್ಳುತ್ತಾರೆ, ಆಮೇಲೆ ಮತ್ತೆ ಮೊದಲಿನ ಹಾಗೇ. ಇದನ್ನು ಮನೆಯಲ್ಲಿ ಮಾಡಲು ಹೋಗಬೇಡಿ, ನಾನೂ ಮಾಡಲಿಲ್ಲ. ಆದರೆ ಅಪ್ಪ "ಎಡಗೈಗೆ ಏನಾಗಿದೆ? ಸ್ವಲ್ಪ ಜೋಮು ಹಿಡಿದಿದೆ ಅಷ್ಟೇ" ಅಂದಾಗ ಜಗಳ ಆಡುವುದನ್ನು ನಿಲ್ಲಿಸಿದೆ.

ತಂದೆ ತಾಯಿಯನ್ನು ನೋಡಿ ಇವರು ವೇಷ ಹಾಕಿಕೊಂಡು ಬಂದ ಬೇರೆಯವರು ಅನ್ನುವ ಹುಡುಗನ ಅಧ್ಯಾಯವಂತೂ ಕೆಳಗಿಡಲು ಬಿಡುವುದಿಲ್ಲ. ಅದೇ ತಂದೆ ಫೋನಿನಲ್ಲಿ ಮಾತಾಡಿದರೆ ಅಪ್ಪ ಅಂತ ಒಪ್ಪುತ್ತಾನೆ. ಮುಖ ಗುರುತಿಸುವ ದಾರಿ ಸರಿ ಇದೆ, ಆದರೆ ಮುಖ ಕಂಡಾಗ ಎದೆಯಲ್ಲಿ ಏಳುವ ಪ್ರೀತಿಗೆ ಹೋಗುವ ತಂತಿ ಕಡಿದಿದೆ, ದನಿಯ ತಂತಿ ಹಾಗೇ ಇದೆ. ಇಷ್ಟು ಸರಳವಾಗಿ ಇಷ್ಟು ದೊಡ್ಡ ವಿಷಯ ಹೇಳುವವರು ಕಡಿಮೆ.

ಇವರ ಇನ್ನೊಂದು ಪುಸ್ತಕ 'ದಿ ಟೆಲ್-ಟೇಲ್ ಬ್ರೈನ್' ಕೂಡ ಕೊಂಡೆ. ಅರ್ಧ ಭಾಗ ಚೆನ್ನಾಗಿದೆ. ಉಳಿದರ್ಧ ಮಿರರ್ ನ್ಯೂರಾನ್ ಮೇಲೆ ನಿಂತಿದೆ. ಇಟಲಿಯ ಪಾರ್ಮಾದಲ್ಲಿ ಕೋತಿಗಳ ಮೆದುಳಿನಲ್ಲಿ ಕಂಡುಹಿಡಿದ ಕೋಶಗಳವು. ತಾನು ಕೈ ಚಾಚಿದಾಗಲೂ ಮಿಡಿಯುತ್ತವೆ, ಇನ್ನೊಬ್ಬರು ಚಾಚಿದ್ದನ್ನು ನೋಡಿದಾಗಲೂ ಮಿಡಿಯುತ್ತವೆ. ಅಲ್ಲಿಂದ ಭಾಷೆ, ಸಂಸ್ಕೃತಿ, ಆಟಿಸಂ ಎಲ್ಲಕ್ಕೂ ಅದೇ ಕಾರಣ ಅನ್ನುವ ಮಟ್ಟಕ್ಕೆ ಹೋಗುತ್ತಾರೆ. ಅಷ್ಟು ದೂರದ ಮಾತಿಗೆ ಆಧಾರ ಸಿಗಲಿಲ್ಲ. ಗ್ರೆಗರಿ ಹಿಕಾಕ್ ಅನ್ನುವವರು 2014ರಲ್ಲಿ ಇದನ್ನು ಅಲ್ಲಗಳೆಯಲೆಂದೇ ಒಂದು ಪುಸ್ತಕ ಬರೆದರು. ಮೊದಲನೆಯದು ಕೊಳ್ಳಿ, ಎರಡನೆಯದು ಯಾರದಾದರೂ ಇಸಿದುಕೊಂಡು ಓದಿ.

ಮುಂದೆ ಎಲ್ಲರ ಮೇಜಿನ ಮೇಲೂ ಕಾಣುವ 'ಥಿಂಕಿಂಗ್, ಫಾಸ್ಟ್ ಅಂಡ್ ಸ್ಲೋ'. ಬರೆದವರು ಸೈಕಾಲಜಿಸ್ಟ್ ಡೇನಿಯಲ್ ಕಾನಮನ್, 2011. ನಾನು ಮೊದಲು ಫುಟ್‌ಪಾತಿನಲ್ಲಿ 150 ರೂಪಾಯಿಗೆ ತಂದೆ. ಮೊದಲ ಅಧ್ಯಾಯ ಒಂದು ಹೆಂಗಸಿನ ಫೋಟೋದಿಂದ ಶುರು. ನೋಡಿದ ತಕ್ಷಣ ಅವಳು ಕೋಪದಲ್ಲಿದ್ದಾಳೆ ಅಂತ ನಿಮಗೆ ಗೊತ್ತಾಗುತ್ತದೆ, ಯೋಚಿಸಬೇಕಾಗಿಲ್ಲ ಅಂತ ಬರೆದಿದ್ದಾರೆ. ನನ್ನ ಪ್ರತಿಯಲ್ಲಿ ಮಸಿ ಚೆಲ್ಲಿದ ಹಾಗೆ ಒಂದು ಕಪ್ಪು ಕಲೆ ಇತ್ತು. ಎಷ್ಟು ಯೋಚಿಸಿದರೂ ಅದು ಹೆಂಗಸು ಅಂತಲೇ ಗೊತ್ತಾಗಲಿಲ್ಲ. ಆಮೇಲೆ ಒಳ್ಳೇ ಪ್ರತಿ ಕೊಂಡೆ. ನಕಲಿ ಪ್ರತಿ ಕೊಳ್ಳಬೇಡಿ ಅನ್ನುವುದಕ್ಕೆ ನೀತಿಗಿಂತ ದೊಡ್ಡ ಕಾರಣ ಇದು.

ಪುಸ್ತಕದ ಮುಖ್ಯ ಮಾತು ಸರಳ. ತಲೆಯಲ್ಲಿ ಎರಡು ಥರದ ಯೋಚನೆ ಇದೆ. ಒಂದು ಥಟ್ಟನೆ ಉತ್ತರ ಹೇಳಿಬಿಡುತ್ತದೆ, ಇನ್ನೊಂದು ಸೋಮಾರಿ, ಎಬ್ಬಿಸಿದರೆ ಮಾತ್ರ ಲೆಕ್ಕ ಹಾಕುತ್ತದೆ. ಬ್ಯಾಟು ಚೆಂಡು ಸೇರಿ 110 ರೂಪಾಯಿ, ಬ್ಯಾಟು ಚೆಂಡಿಗಿಂತ 100 ರೂಪಾಯಿ ಜಾಸ್ತಿ, ಚೆಂಡಿಗೆಷ್ಟು? ಪುಸ್ತಕದಲ್ಲಿ ಡಾಲರ್ ಲೆಕ್ಕ, ನಾನು ರೂಪಾಯಿ ಮಾಡಿದೆ. ನಮ್ಮ ಆಫೀಸಿನಲ್ಲಿ ಕೇಳಿದೆ, ಎಲ್ಲ ಅಕೌಂಟ್ಸ್ ಜನ, ಏಳರಲ್ಲಿ ಐದು ಮಂದಿ ಹತ್ತು ಅಂದರು. ಅಪ್ಪನಿಗೆ ಕೇಳಿದೆ. ಒಂದು ನಿಮಿಷ ಬಾಯಲ್ಲೇ ಗೊಣಗಿಕೊಂಡು "ಐದು" ಅಂದರು.

ಇದರಲ್ಲಿ ನನಗೆ ತುಂಬಾ ಹಿಡಿಸಿದ್ದು ಇಸ್ರೇಲಿನ ವಾಯುಪಡೆಯ ತರಬೇತುದಾರರ ಕತೆ. ಹೊಗಳಿದರೆ ಹುಡುಗರು ಮುಂದಿನ ಸಲ ಕೆಡುತ್ತಾರೆ, ಬೈದರೆ ಸುಧಾರಿಸುತ್ತಾರೆ, ಇದು ನಮ್ಮ ಅನುಭವ ಅನ್ನುತ್ತಾರೆ ಒಬ್ಬರು. ಕಾನಮನ್ ಹೇಳುವುದು ಬೇರೆ. ತುಂಬಾ ಚೆನ್ನಾಗಿ ಹಾರಿಸಿದ ದಿನ ಅದೃಷ್ಟವೂ ಕೈ ಹಿಡಿದಿರುತ್ತದೆ, ಮುಂದಿನ ಸಲ ಮಾಮೂಲಿಗೆ ಇಳಿಯುವುದು ಸಹಜ. ತುಂಬಾ ಕೆಟ್ಟದಾಗಿ ಹಾರಿಸಿದವನು ಮುಂದಿನ ಸಲ ಮಾಮೂಲಿಗೆ ಏರುತ್ತಾನೆ. ಹೊಗಳಿಕೆಗೂ ಬೈಗುಳಕ್ಕೂ ಇದರಲ್ಲಿ ಕೆಲಸವಿಲ್ಲ. ಇದನ್ನು ಓದಿ ನನಗೆ ಥಟ್ಟನೆ ಹೊಳೆದದ್ದು ನಮ್ಮ ದೃಷ್ಟಿ. ಮಗು ಕ್ಲಾಸಿಗೆ ಫಸ್ಟ್ ಬಂತು, ಪಕ್ಕದ ಮನೆಯವರು ಹೊಗಳಿದರು, ಮುಂದಿನ ಪರೀಕ್ಷೆಯಲ್ಲಿ ನಂಬರ್ ಇಳಿಯಿತು, ದೃಷ್ಟಿ ಆಯಿತು ಅಂತ ಮೆಣಸಿನಕಾಯಿ ನಿವಾಳಿಸಿ ಒಲೆಗೆ ಹಾಕಿದೆವು. ಅದರ ಮುಂದಿನ ಪರೀಕ್ಷೆಯಲ್ಲಿ ಮತ್ತೆ ಏರಿತು. ಮೆಣಸಿನಕಾಯಿ ಕೆಲಸ ಮಾಡಿತು! ಎಷ್ಟು ತಲೆಮಾರಿನಿಂದ ಈ ಲೆಕ್ಕ ಹೀಗೇ ತಾಳೆ ಆಗುತ್ತಾ ಬಂದಿದೆಯೋ.

ಆದರೆ ನಾಲ್ಕನೇ ಅಧ್ಯಾಯ ಹುಷಾರಾಗಿ ಓದಿ. ಮುದಿತನಕ್ಕೆ ಸಂಬಂಧಪಟ್ಟ ಪದಗಳನ್ನು ಓದಿದ ವಿದ್ಯಾರ್ಥಿಗಳು ತಮಗೇ ಗೊತ್ತಿಲ್ಲದೆ ನಿಧಾನ ನಡೆದರು ಅನ್ನುವಂಥ ಪ್ರಯೋಗಗಳು ಅಲ್ಲಿವೆ. ಇದನ್ನು ನಂಬದೆ ಬೇರೆ ದಾರಿಯೇ ಇಲ್ಲ ಅನ್ನುವ ಧಾಟಿಯಲ್ಲಿ ಬರೆದಿದ್ದಾರೆ. ಆಮೇಲೆ ಬೇರೆಯವರು ಮಾಡಿ ನೋಡಿದಾಗ ಅದು ಬರಲಿಲ್ಲ. 2017ರಲ್ಲಿ ಕಾನಮನ್ ತಾವೇ, ತೀರಾ ಚಿಕ್ಕ ಪ್ರಯೋಗಗಳನ್ನು ಜಾಸ್ತಿ ನಂಬಿದೆ ಅಂತ ಬಹಿರಂಗವಾಗಿ ಒಪ್ಪಿಕೊಂಡರು. ನೊಬೆಲ್ ಬಂದವರು, ಎಂಬತ್ತು ದಾಟಿದವರು ಹಾಗೆ ಒಪ್ಪಿಕೊಂಡಿದ್ದು ನೋಡಿ ನನಗೆ ಗೌರವ ಜಾಸ್ತಿಯೇ ಆಯಿತು. ಹೊಟ್ಟೆ ಹಸಿದ ಜಡ್ಜುಗಳು ಪೆರೋಲ್ ಕೊಡುವುದಿಲ್ಲ ಅನ್ನುವ ಕತೆಯೂ ಅದರಲ್ಲಿದೆ. ಅದನ್ನು ನಾನು ಎಷ್ಟು ಜನಕ್ಕೆ ಹೇಳಿದ್ದೆನೋ. ವಕೀಲರಿಲ್ಲದ ಕೈದಿಗಳಿಗೆ ಪೆರೋಲ್ ಸಿಗುವುದೇ ಕಡಿಮೆ, ಅವರ ಕೇಸುಗಳು ಊಟದ ವಿರಾಮಕ್ಕೆ ಮುಂಚೆ ಬರುತ್ತಿದ್ದವು, ಸರದಿ ಹಾಗೇ ಇತ್ತು ಅಂತ ಆಮೇಲೆ ಬೇರೆಯವರು ತೋರಿಸಿದರು. ಈಗ ಹೇಳುವುದು ಬಿಟ್ಟಿದ್ದೇನೆ. ಪುಸ್ತಕ ದಪ್ಪ ಇದೆ, ಪೂರ್ತಿ ಓದಿದವರು ಕಡಿಮೆ ಅಂತ ನನ್ನ ಅಂದಾಜು. ಮೊದಲರ್ಧ ಓದಿ, ಆಮೇಲೆ ಬೇಕಾದ್ದು ಆರಿಸಿಕೊಳ್ಳಿ.

ರಾಬರ್ಟ್ ಸಪೋಲ್ಸ್ಕಿಯ 'ಬಿಹೇವ್' ಇನ್ನೂ ದಪ್ಪ. ದಿಂಬಿಗೆ ಆಗುತ್ತದೆ. ಆದರೆ ಜೋಡಿಸಿದ ರೀತಿ ಜಾಣತನದ್ದು. ಒಬ್ಬ ಮನುಷ್ಯ ಒಂದು ಕೆಲಸ ಮಾಡಿದ, ಒಳ್ಳೆಯದೋ ಕೆಟ್ಟದ್ದೋ. ಅದಕ್ಕೆ ಒಂದು ಕ್ಷಣ ಮುಂಚೆ ಮೆದುಳಿನಲ್ಲಿ ಏನಾಯಿತು, ಗಂಟೆಗಳ ಮುಂಚೆ ಹಾರ್ಮೋನು ಏನಾಗಿತ್ತು, ಹದಿಹರೆಯದಲ್ಲಿ, ಬಾಲ್ಯದಲ್ಲಿ, ಹೊಟ್ಟೆಯಲ್ಲಿದ್ದಾಗ, ಅವನ ಪೂರ್ವಿಕರ ಕಾಲದಲ್ಲಿ, ಹೀಗೆ ಹಿಂದೆ ಹಿಂದೆ ಹೋಗುತ್ತಾರೆ. ಅವರು ವರ್ಷಾನುಗಟ್ಟಲೆ ಕೀನ್ಯಾದಲ್ಲಿ ಬಬೂನ್ ಕೋತಿಗಳ ಹಿಂದೆ ಅಲೆದವರು. ಒಂದು ಗುಂಪಿನ ಜಗಳಗಂಟ ಗಂಡುಗಳು ಪ್ರವಾಸಿ ಲಾಡ್ಜಿನ ತಿಪ್ಪೆಯ ಊಟಕ್ಕೆ ಹೋಗಿ ಕ್ಷಯ ತಗುಲಿ ಸತ್ತವು. ಸಾಧುಗಳು ಉಳಿದವು. ಗುಂಪು ತಣ್ಣಗಾಯಿತು. ಆಶ್ಚರ್ಯ ಏನಂದರೆ, ಮುಂದೆ ಹೊರಗಿನಿಂದ ಬಂದು ಸೇರಿದ ಹೊಸ ಗಂಡುಗಳೂ ಅಲ್ಲಿನ ರೀತಿಯನ್ನೇ ಕಲಿತವು. ಇಷ್ಟಕ್ಕೇ ಪುಸ್ತಕ ಕೊಳ್ಳಬಹುದು. ನಡುವಿನ ಹಾರ್ಮೋನು ಅಧ್ಯಾಯಗಳಲ್ಲಿ ನನಗೆ ನಿದ್ದೆ ಬಂತು, ಸುಳ್ಳು ಯಾಕೆ ಹೇಳಲಿ.

ನಿದ್ದೆ ಅಂದಾಗ, ಮ್ಯಾಥ್ಯೂ ವಾಕರ್ ಅವರ 'ವೈ ವಿ ಸ್ಲೀಪ್'. ಇದನ್ನು ಓದಿ ನನ್ನ ನಿದ್ದೆ ಹಾಳಾಯಿತು. ಏಳು ಗಂಟೆಗಿಂತ ಕಡಿಮೆ ಮಲಗಿದರೆ ಹಾಗಾಗುತ್ತೆ ಹೀಗಾಗುತ್ತೆ ಅಂತ ಪುಟಪುಟದಲ್ಲೂ ಹೆದರಿಸುತ್ತಾರೆ. ರಾತ್ರಿ ಎರಡಕ್ಕೆ ಎಚ್ಚರವಾದರೆ ಇನ್ನೆಷ್ಟು ಗಂಟೆ ಉಳಿಯಿತು ಅಂತ ಲೆಕ್ಕ ಹಾಕುತ್ತಾ ಬೆಳಗು ಮಾಡುತ್ತಿದ್ದೆ. ಇದರ ಅಂಕಿಅಂಶದಲ್ಲಿ ತಪ್ಪುಗಳಿವೆ ಅಂತ 2019ರಲ್ಲಿ ದೊಡ್ಡ ಟೀಕೆ ಬಂತು. ಒಂದು ಚಾರ್ಟಿನಲ್ಲಿ ತಮ್ಮ ವಾದಕ್ಕೆ ಹೊಂದದ ಒಂದು ಕಂಬವನ್ನೇ ಬಿಟ್ಟಿದ್ದಾರೆ ಅನ್ನುವುದೂ ಅದರಲ್ಲಿ ಸೇರಿತ್ತು. ನಿದ್ದೆ ಮುಖ್ಯ ಅನ್ನುವುದರಲ್ಲಿ ತಕರಾರಿಲ್ಲ. ಅದನ್ನು ನಮ್ಮಜ್ಜಿ ಪುಕ್ಕಟೆಯಾಗಿ ಹೇಳುತ್ತಿದ್ದಳು.

ಇದರ ಜೊತೆಗೆ ಅಭ್ಯಾಸ ಬದಲಿಸಿ, ಮೆದುಳಿಗೆ ತರಬೇತಿ ಕೊಡಿ, ನಿಮ್ಮ ಒಳಗಿನ ಶಕ್ತಿ ಎಬ್ಬಿಸಿ ಅನ್ನುವ ಒಂದು ರಾಶಿಯೇ ಇದೆ. ಹೆಸರು ಬೇಡ. ಅಂಗಡಿಯಲ್ಲಿ ನಿಂತು ಹಿಂದಿನ ರಟ್ಟು ಓದಿ. ಮನುಷ್ಯ ಮೆದುಳಿನ ನೂರಕ್ಕೆ ಹತ್ತು ಭಾಗ ಮಾತ್ರ ಬಳಸುತ್ತಾನೆ ಅಂತ ಎಲ್ಲಾದರೂ ಕಂಡರೆ ಅಲ್ಲೇ ವಾಪಸ್ ಇಡಿ. ಅಪ್ಪನ ಸ್ಕ್ಯಾನಿನಲ್ಲಿ ಕಂಡ ಕಲೆ ನನ್ನ ಹೆಬ್ಬೆರಳಷ್ಟೂ ಇರಲಿಲ್ಲ. ಅಷ್ಟಕ್ಕೆ ಅರ್ಧ ಪ್ರಪಂಚ ಹೋಯಿತು. ಬಳಸದೇ ಇಟ್ಟ ತೊಂಬತ್ತು ಭಾಗ ಎಲ್ಲಿ ಕೂತಿತ್ತು ಹಾಗಾದರೆ? ಇನ್ನೊಂದು ಗುರುತು, ಮೆದುಳಿನಲ್ಲಿ 10,000 ಕೋಟಿ ನರಕೋಶ ಅಂತ ಹೊಸ ಪುಸ್ತಕದಲ್ಲೂ ಬರೆದಿದ್ದರೆ ಲೇಖಕರು ಹಳೇದನ್ನೇ ನಕಲು ಮಾಡಿದ್ದಾರೆ ಅಂತ ಅರ್ಥ. 2009ರಲ್ಲಿ ಬ್ರೆಜಿಲಿನ ಸುಜಾನಾ ಹರ್ಕುಲಾನೊ-ಹೌಜೆಲ್ ಅವರ ತಂಡ ಮೆದುಳನ್ನು ಕರಗಿಸಿ ಸಾರಿನ ಹಾಗೆ ಮಾಡಿ, ಅದರಲ್ಲಿ ಉಳಿದ ಕೋಶಗಳ ನ್ಯೂಕ್ಲಿಯಸ್‌ಗಳನ್ನು ಎಣಿಸಿ, ಸುಮಾರು 8,600 ಕೋಟಿ ಅಂತ ಹೇಳಿತು.

ಪುಸ್ತಕ ಓದಿ ಓದಿ ಒಂದು ಸಲ ನಿಜವಾದದ್ದನ್ನೇ ನೋಡಬೇಕು ಅನ್ನಿಸಿದರೆ ಬೆಂಗಳೂರಿನವರು ನಿಮ್ಹಾನ್ಸ್‌ಗೆ ಹೋಗಿ. ಅಲ್ಲಿನ ನ್ಯೂರೋಪೆಥಾಲಜಿ ವಿಭಾಗದಲ್ಲಿ ಮೆದುಳಿನ ಮ್ಯೂಸಿಯಂ ಇದೆ. ಗಾಜಿನ ಪಾತ್ರೆಗಳಲ್ಲಿ ಗಡ್ಡೆ ಬೆಳೆದ ಮೆದುಳು, ಹುಳು ಸೇರಿದ ಮೆದುಳು, ಸ್ಟ್ರೋಕ್ ಆದ ಮೆದುಳು. ಕೊನೆಗೆ ಒಂದನ್ನು ಕೈಗೆ ಕೊಟ್ಟರು. ಒಂದು ಕೆ.ಜಿ. ಬೆಲ್ಲದ ಅಚ್ಚಿಗಿಂತ ಸ್ವಲ್ಪ ಜಾಸ್ತಿ ತೂಕ. ತಣ್ಣಗಿತ್ತು. ಔಷಧದ ವಾಸನೆ ಸಂಜೆವರೆಗೂ ಮೂಗಿನಲ್ಲೇ ಇತ್ತು. ಬಲಭಾಗ ಯಾವುದು ಅಂತ ಕೇಳಿ, ಅಲ್ಲಿ ಹೆಬ್ಬೆರಳು ಇಟ್ಟು ನೋಡಿದೆ.

ಕನ್ನಡದ ಮಾತು. ಮೇಲಿನವೆಲ್ಲ ನಾನು ಓದಿದ್ದು ಇಂಗ್ಲಿಷಿನಲ್ಲಿ. ಅಮ್ಮನ ಕೈಗೆ ಕೊಡುವ ಹಾಗಿರಲಿಲ್ಲ, ನಾನೇ ಕತೆ ಮಾಡಿ ಹೇಳಬೇಕಾಯಿತು. ಅಪ್ಪನ ಕಾಯಿಲೆಗೆ ಮನೆಯಲ್ಲಿ 'ಎಡಮರೆವು' ಅಂತ ನಾವೇ ಹೆಸರಿಟ್ಟುಕೊಂಡೆವು. ಅಮ್ಮ ತಾನೇ ಓದಿದ್ದು ಡಾಕ್ಟರ್ ಸಿ.ಆರ್. ಚಂದ್ರಶೇಖರ್ ಅವರ ಪುಸ್ತಕಗಳನ್ನು. ನಿಮ್ಹಾನ್ಸ್‌ನಲ್ಲಿ ಮನೋವೈದ್ಯರಾಗಿದ್ದವರು, ಮನಸ್ಸಿನ ಆರೋಗ್ಯದ ಬಗ್ಗೆ ಕನ್ನಡದಲ್ಲಿ ರಾಶಿ ರಾಶಿ ಪುಸ್ತಕ ಬರೆದಿದ್ದಾರೆ. ರಾಮಚಂದ್ರನ್ ಥರ ಬೆರಗು ಅಲ್ಲಿ ಸಿಗುವುದಿಲ್ಲ, ಒಂದೇ ವಿಷಯ ಅಲ್ಲಿ ಇಲ್ಲಿ ಮತ್ತೆ ಮತ್ತೆ ಬರುತ್ತದೆ. ಆದರೆ ಮಾತು ನೇರ, ಬೆಲೆ ಕಡಿಮೆ. ಅಪ್ಪನಿಗೆ ಬೇಜಾರು ಜಾಸ್ತಿಯಾಗಿ ಊಟ ಬಿಟ್ಟಾಗ, ಇದಕ್ಕೂ ಡಾಕ್ಟರ್ ಹತ್ತಿರ ಹೋಗಬೇಕು ಅಂತ ಮೊದಲು ಹೇಳಿದ್ದು ಅಮ್ಮನೇ, ಅದನ್ನು ಓದಿ.

ಇನ್ನೊಂದು ನಾನು ಹುಡುಕುತ್ತಿರುವುದು 'ಮನಮಂಥನ'. 'ಕೊರವಂಜಿ' ಪತ್ರಿಕೆ ನಡೆಸಿದ ರಾಶಿ, ಅಂದರೆ ಡಾಕ್ಟರ್ ಎಂ. ಶಿವರಾಂ ಬರೆದದ್ದು. ನಗಿಸುವುದೂ ಗೊತ್ತಿದ್ದ, ನಾಡಿ ಹಿಡಿಯುವುದೂ ಗೊತ್ತಿದ್ದ ಮನುಷ್ಯ ಮನಸ್ಸಿನ ಬಗ್ಗೆ ಬರೆದ ಈ ಪುಸ್ತಕಕ್ಕೆ 1976ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂದಿದೆ. ಹಳೇ ಪುಸ್ತಕದ ಅಂಗಡಿಗಳಲ್ಲಿ ಮೂರು ಸಲ ಕೇಳಿದೆ. ಒಬ್ಬರು ಒಳಗೆ ಹೋಗಿ ಹುಡುಕಿ ಮೊಸರು ಕಡೆಯುವ ಚಿತ್ರ ಇದ್ದ ಅಡುಗೆ ಪುಸ್ತಕ ತಂದುಕೊಟ್ಟರು. ನಿಮ್ಮಲ್ಲಿ ಯಾರ ಹತ್ತಿರವಾದರೂ ಇದ್ದರೆ ಹೇಳಿ, ಓದಿ ಹುಷಾರಾಗಿ ವಾಪಸ್ ಕೊಡುತ್ತೇನೆ. ಬದಲಿಗೆ ನನ್ನ 'ಫ್ಯಾಂಟಮ್ಸ್' ಓದಲು ತಗೊಳ್ಳಿ. ಆರನೇ ಅಧ್ಯಾಯದಲ್ಲಿ ಸಾರಿನ ಕಲೆ ಇದೆ, ಬೇಜಾರು ಮಾಡಿಕೊಳ್ಳಬೇಡಿ.